ದೀನಾ ಪಾಠಕ್: ವೇಷ ಕಟ್ಟಿದ ತಾಯಿ

ದೀನಾ ಪಾಠಕ್ (4 ಮಾರ್ಚ್ 1922 – 11 ಅಕ್ಟೋಬರ್ 2002) ಗುಜರಾತಿ ರಂಗಭೂಮಿಯ ನಾಯಕಿ, ಹಿಂದಿ ಸಿನಿಮಾದ ಪೋಷಕ ನಟಿ, ದೂರದರ್ಶನದ ಕಲಾವಿದೆ. ಹುಟ್ಟಿದ್ದು ಅಂದಿನ ಬರೋಡಾ ಸಂಸ್ಥಾನಕ್ಕೆ ಸೇರಿದ್ದ ಅಮರೇಲಿಯಲ್ಲಿ, ತವರಿನ ಹೆಸರು ದೀನಾ ಗಾಂಧಿ. ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಕಾಣಿಸಿಕೊಂಡ ಅವರನ್ನು ಹಿಂದಿ ಪ್ರೇಕ್ಷಕರು ಹೆಚ್ಚಾಗಿ ಅಮ್ಮನಾಗಿ, ಅತ್ತೆಯಾಗಿ, ಅಜ್ಜಿಯಾಗಿ ಬಲ್ಲರು. ಆದರೆ ಆ ನರೆಗೂದಲು ತೆರೆಯ ಮೇಲೆ ಬರುವ ಹೊತ್ತಿಗೆ ಅವರ ಬದುಕಿನ ಮೊದಲ ಅಂಕ ಮುಗಿದೇಹೋಗಿತ್ತು. ಅಹಮದಾಬಾದಿನ ರಂಗಮಂಚದ ಮೇಲೆ ನಡೆದ ಆ ಅಂಕವನ್ನು ಬಿಟ್ಟರೆ ಮುಂದಿನ ಅಮ್ಮಂದಿರು ಅರ್ಥವಾಗುವುದು ಕಷ್ಟ.

ಮುಂಬೈಯಿಂದ ಉತ್ತರಕ್ಕೆ ಹೊರಟ ರೈಲು ವಲಸಾಡ್, ನವಸಾರಿ, ಸೂರತ್, ವಡೋದರಾ ಹಾದು ಅಹಮದಾಬಾದ್ ಮುಟ್ಟುತ್ತದೆ. ಗುಜರಾತಿ ನಾಟಕ ಒಂದು ಶತಮಾನಕ್ಕೂ ಹೆಚ್ಚು ಕಾಲ ಬದುಕಿದ್ದೇ ಈ ಹಾದಿಯ ಎರಡು ತುದಿಗಳ ನಡುವೆ. ಹಿಂದಿ ಸಿನಿಮಾದ ಇಬ್ಬರು ದೊಡ್ಡ 'ಅಮ್ಮಂದಿರ' ಊರುಗಳೂ ಇದೇ ಹಾದಿಯಲ್ಲಿ ಸಿಗುತ್ತವೆ. 'ದೀವಾರ್' (1975) ಚಿತ್ರದ ತಾಯಿ ನಿರೂಪಾ ರಾಯ್ 1931ರಲ್ಲಿ ಹುಟ್ಟಿದ್ದು ವಲಸಾಡಿನಲ್ಲಿ. ದೀನಾ ನಟಿಯಾಗಿ ಹೆಸರಾದದ್ದು ಅಹಮದಾಬಾದಿನಲ್ಲಿ. ಒಬ್ಬರು ಅತ್ತು ಗೆದ್ದ ತಾಯಿ. ಇನ್ನೊಬ್ಬರನ್ನು ಅಳಿಸಲು ನಿರ್ದೇಶಕರು ಯಾಕೋ ಹೆಚ್ಚು ಪ್ರಯತ್ನಪಡಲಿಲ್ಲ.

ದೀನಾ ಕಲಿತದ್ದು ಮುಂಬೈಯಲ್ಲಿ, ಕಾಲೇಜಿನ ಪಾಠದಷ್ಟೇ ಚಳವಳಿಯನ್ನೂ ಕಲಿತರು. ವಿದ್ಯಾರ್ಥಿ ಹೋರಾಟಕ್ಕೆ ಇಳಿದ ತಪ್ಪಿಗೆ ಒಂದು ಕಾಲೇಜು ಅವರನ್ನು ಹೊರಹಾಕಿತು, ಬಿ.ಎ. ಮುಗಿಸಿದ್ದು ಇನ್ನೊಂದು ಕಾಲೇಜಿನಲ್ಲಿ. ನಟನೆಗೆ ರಸಿಕಲಾಲ್ ಪಾರೀಖ್, ನೃತ್ಯಕ್ಕೆ ಶಾಂತಿ ಬರ್ಧನ್ ಗುರುಗಳು. 1943ರ ಮೇ ತಿಂಗಳಲ್ಲಿ ಮುಂಬೈಯಲ್ಲೇ ಭಾರತೀಯ ಜನನಾಟ್ಯ ಸಂಘ, ಎಲ್ಲರ ಬಾಯಲ್ಲಿ 'ಇಪ್ಟಾ', ಹುಟ್ಟಿತು. ಬಲರಾಜ್ ಸಾಹನಿ, ಕೈಫಿ ಆಜ್ಮಿ, ಉತ್ಪಲ್ ದತ್, ಎ.ಕೆ. ಹಂಗಲ್, ಮುಂದೆ ಸೂರತ್ತಿನ ಹುಡುಗ ಸಂಜೀವ್ ಕುಮಾರ್, ಇವರೆಲ್ಲ ಒಂದಲ್ಲ ಒಂದು ಕಾಲಕ್ಕೆ ಈ ಸಂಘದ ನೆರಳಿನಲ್ಲಿ ನಿಂತವರೇ. ಗಾಂಧಿ ಮನೆಯಿಂದ ಮೂವರು ಸೋದರಿಯರು ಅಲ್ಲಿಗೆ ಬಂದರು: ಅಕ್ಕ ಶಾಂತಾ, ನಡುವಿನವರು ದೀನಾ, ತಂಗಿ ತರಲಾ. ಅಲ್ಮೋಡಾದಲ್ಲಿ ಉದಯಶಂಕರರ ಬಳಿ ನೃತ್ಯ ಕಲಿತ ಶಾಂತಾ ಗಾಂಧಿ ಮುಂದೆ ರಾಷ್ಟ್ರೀಯ ನಾಟಕ ಶಾಲೆಯ ದೊಡ್ಡ ಹೆಸರಾದರು. ಅಟೆನ್‌ಬರೋ ನಿರ್ದೇಶಿಸಿದ 'ಗಾಂಧಿ' (1982) ಚಿತ್ರದಲ್ಲಿ ಸರೋಜಿನಿ ನಾಯ್ಡು ಆಗಿ ಕಾಣಿಸುವವರು ತರಲಾ ಮೆಹತಾ.

ಜನರ ಬಳಿಗೆ ಹೋಗಬೇಕಾದರೆ ಜನರ ಆಟವನ್ನೇ ಕಟ್ಟಿಕೊಂಡು ಹೋಗಬೇಕು ಎಂಬುದು ಇಪ್ಟಾದ ನಂಬಿಕೆ. ಗುಜರಾತಿನಲ್ಲಿ ಆ ಆಟದ ಹೆಸರು ಭವಾಯಿ.

ಯಕ್ಷಗಾನ, ದೊಡ್ಡಾಟ, ಸಣ್ಣಾಟ ನೋಡಿದವರಿಗೆ ಭವಾಯಿ ಅಪರಿಚಿತ ಅನ್ನಿಸದು. ಹದಿನಾಲ್ಕನೇ ಶತಮಾನದ ಅಸಾಯಿತ ಠಾಕರ್ ಇದರ ಮೂಲಪುರುಷ ಎಂದು ಪ್ರತೀತಿ. ಪಟೇಲರ ಮಗಳೊಬ್ಬಳನ್ನು ಸರದಾರನೊಬ್ಬನ ಸೆರೆಯಿಂದ ಬಿಡಿಸಲು ಈ ಬ್ರಾಹ್ಮಣ ಅವಳನ್ನು ತನ್ನ ಮಗಳೆಂದನಂತೆ. ಮಗಳಾದರೆ ಜೊತೆಗೆ ಕೂತು ಉಣ್ಣು ಎಂದಾಗ ಒಂದೇ ಎಲೆಯಲ್ಲಿ ಉಂಡನಂತೆ. ಜಾತಿಯವರು ಹೊರಹಾಕಿದರು, ಅವನು ಆಟ ಕಟ್ಟಿಕೊಂಡು ಊರೂರು ತಿರುಗಿದ, 360 ಪ್ರಸಂಗ ಬರೆದ ಎಂದು ಕಥೆ. ಪ್ರಸಂಗಕ್ಕೆ ಅಲ್ಲಿನವರು ಹೇಳುವ ಮಾತು 'ವೇಶ', ನಮ್ಮ ವೇಷವೇ. ಮೊದಲು ಗಣಪತಿ ಬರಬೇಕು, ಉದ್ದನೆಯ ತಾಮ್ರದ ಕೊಂಬು ಭುಂಗಳ ಮೊಳಗಬೇಕು, ಸೂತ್ರಧಾರನ ಮಾತಿಗೆ ಅಡ್ಡಮಾತು ಹಾಕಲು ರಂಗಲೋ ಎಂಬ ಹಾಸ್ಯಗಾರ ಇರಬೇಕು. ಪಾತ್ರದೊಳಗೆ ಪೂರ್ತಿ ಮುಳುಗಿಬಿಡುವುದು ಇಲ್ಲಿನ ಪದ್ಧತಿಯಲ್ಲ. ವೇಷ ಹಾಕಿದವನು ತಾನು ವೇಷ ಹಾಕಿದ್ದೇನೆ ಎಂಬುದನ್ನು ನೋಡುವವರಿಗೆ ಆಗಾಗ ನೆನಪಿಸುತ್ತಾನೆ. 1940ರ ದಶಕದಲ್ಲಿ ದೀನಾ ಈ ಆಟವನ್ನು ಬ್ರಿಟಿಷರ ವಿರುದ್ಧ ಜನರನ್ನು ಎಚ್ಚರಿಸಲು ಬಳಸಿದರು. ಭವಾಯಿಯಲ್ಲಿ ಪರಂಪರೆಯಿಂದ ಗಂಡಸರೇ ಸ್ತ್ರೀವೇಷ ಕಟ್ಟುತ್ತಿದ್ದರು. ಹೆಂಗಸೊಬ್ಬಳು ಆ ಅಂಗಳಕ್ಕೆ ಇಳಿದದ್ದೇ ಒಂದು ಸುದ್ದಿ.

ಅಹಮದಾಬಾದಿನ ಕಥೆ ಇಲ್ಲಿಂದ ಸ್ವಾರಸ್ಯದ ತಿರುವು ಪಡೆಯುತ್ತದೆ. 1949ರ ಸುಮಾರಿಗೆ ಗುಜರಾತ್ ವಿದ್ಯಾಸಭೆಯ ಆಸರೆಯಲ್ಲಿ ರಸಿಕಲಾಲ್ ಪಾರೀಖ್ ಮತ್ತು ಜಯಶಂಕರ 'ಸುಂದರಿ' ಸೇರಿ ನಾಟಕ ಶಿಕ್ಷಣ ಶುರುಮಾಡಿದರು. ಅದರಿಂದ ಬೆಳೆದ ತಂಡವೇ 'ನಟಮಂಡಳ'. ಜಯಶಂಕರರ ಹೆಸರಿಗೆ ಅಂಟಿಕೊಂಡ 'ಸುಂದರಿ' ಬಿರುದಲ್ಲ, ಪಾತ್ರ. 1901ರಲ್ಲಿ 'ಸೌಭಾಗ್ಯ ಸುಂದರಿ' ನಾಟಕದಲ್ಲಿ ಹುಡುಗನಾಗಿದ್ದ ಜಯಶಂಕರ್ ಮಾಡಿದ ಸ್ತ್ರೀಪಾತ್ರ ಎಷ್ಟು ಮೆಚ್ಚುಗೆಯಾಯಿತೆಂದರೆ ಹೆಸರೇ ಬದಲಾಯಿತು. ಅವರು ಸೀರೆ ಉಡುವ ರೀತಿ, ನಡೆಯುವ ಬೆಡಗು ನೋಡಿ ಮುಂಬೈಯ ಗೃಹಿಣಿಯರು ಅನುಕರಿಸುತ್ತಿದ್ದರಂತೆ. ಬಾಲಗಂಧರ್ವರ ಆಟಕ್ಕೆ ಮನಸೋತ ಹುಬ್ಬಳ್ಳಿ, ಬೆಳಗಾವಿಯ ಹಳೆಯ ತಲೆಮಾರಿಗೆ ಈ ಮೋಡಿಯನ್ನು ವಿವರಿಸಬೇಕಿಲ್ಲ. ಹೀಗೆ ಹೆಣ್ಣಿನ ನಡಿಗೆಯನ್ನು ಗಂಡಾಗಿ ಕಲಿತು, ಹೆಣ್ಣುಮಕ್ಕಳಿಗೇ ಕಲಿಸಿದ ಮನುಷ್ಯ ಅರವತ್ತರ ಹರೆಯದಲ್ಲಿ ನಿರ್ದೇಶಕನಾಗಿ ಕೂತಾಗ ಎದುರಿಗೆ ನಿಂತ ನಾಯಕಿ ದೀನಾ ಗಾಂಧಿ.

ನಾಟಕ 'ಮೇನಾ ಗುರ್ಜರಿ'. ಗುರ್ಜರ ಹೆಣ್ಣೊಬ್ಬಳ ಜನಪದ ಕಥೆಯನ್ನು ರಸಿಕಲಾಲ್ ಪಾರೀಖ್ ಭವಾಯಿಯ ಧಾಟಿಯಲ್ಲಿ ಬರೆದರು. 1950ರ ದಶಕದಲ್ಲಿ ರಂಗಕ್ಕೆ ಬಂದ ಈ ನಾಟಕ ವರ್ಷಗಟ್ಟಲೆ ನಡೆಯಿತು. 1957ರಲ್ಲಿ ರಾಷ್ಟ್ರಪತಿ ಭವನದಲ್ಲಿ ಡಾ. ರಾಜೇಂದ್ರ ಪ್ರಸಾದರ ಎದುರು ಪ್ರದರ್ಶನವಾಯಿತು, ಆ ಮನ್ನಣೆ ಪಡೆದ ಮೊದಲ ಗುಜರಾತಿ ನಾಟಕ ಅದು. 'ಮಾಳವಪತಿ ಮುಂಜ' ದೀನಾ ಹೆಸರು ಮಾಡಿದ ಇನ್ನೊಂದು ನಾಟಕ. ಗುಜರಾತಿನಲ್ಲಿ ಅವರು ಯಾರ ತಾಯಿಯೂ ಆಗಿರಲಿಲ್ಲ, ಆಟದ ಕೇಂದ್ರದಲ್ಲಿ ನಿಲ್ಲುವ ಹೆಣ್ಣಾಗಿದ್ದರು.

ಸಿನಿಮಾ ಒಮ್ಮೆ ಬಾಗಿಲು ತಟ್ಟಿ ಹೋಗಿತ್ತು. 1948ರಲ್ಲಿ 'ಕರಿಯಾವರ್' ಎಂಬ ಗುಜರಾತಿ ಚಿತ್ರದಲ್ಲಿ ನಟಿಸಿದ ದೀನಾ ಮತ್ತೆ ನಾಟಕಕ್ಕೇ ಮರಳಿದ್ದರು. ಮದುವೆಯಾದದ್ದು ಬಲದೇವ್ ಪಾಠಕ್ ಅವರನ್ನು. ಗೇಟ್‌ವೇ ಆಫ್ ಇಂಡಿಯಾ ಬಳಿ ಹೊಲಿಗೆ ಅಂಗಡಿ ಇಟ್ಟಿದ್ದ ಅವರ ಗಿರಾಕಿಗಳಲ್ಲಿ ದಿಲೀಪ್ ಕುಮಾರ್, ರಾಜೇಶ್ ಖನ್ನಾ ಸೇರಿದ್ದರು. ತಾರೆಯರಿಗೆ ಬಟ್ಟೆ ಹೊಲಿಯುವ ಗಂಡ, ತಾರೆಯಾಗದ ಹೆಂಡತಿ. 1957ರಲ್ಲಿ ರತ್ನಾ, 1961ರಲ್ಲಿ ಸುಪ್ರಿಯಾ ಹುಟ್ಟಿದರು.

ನಲವತ್ತು ದಾಟಿದ ಮೇಲೆ ಸಿನಿಮಾ ಎರಡನೇ ಸಲ ಕರೆಯಿತು. ಬಸು ಭಟ್ಟಾಚಾರ್ಯರ 'ಉಸ್ಕೀ ಕಹಾನಿ' (1966) ಬಂಗಾಳದ ಪತ್ರಕರ್ತರ ಸಂಘದ ಪ್ರಶಸ್ತಿಯನ್ನು ತಂದುಕೊಟ್ಟಿತು. 1969ರಲ್ಲಿ ಹೃಷಿಕೇಶ್ ಮುಖರ್ಜಿಯವರ 'ಸತ್ಯಕಾಮ್', ಕೆ.ಎ. ಅಬ್ಬಾಸರ 'ಸಾತ್ ಹಿಂದುಸ್ತಾನಿ', ಮರ್ಚೆಂಟ್-ಐವರಿ ಜೋಡಿಯ 'ದ ಗುರು' ಬಂದವು. ನಾಯಕಿಯಾಗುವ ವಯಸ್ಸು ಮುಗಿದ ನಟಿಗೆ ಹಿಂದಿ ಚಿತ್ರರಂಗ ಕೊಡುವುದು ಒಂದೇ ಸೀರೆ, ಅಮ್ಮನದು. ಕನ್ನಡದಲ್ಲೂ ಹಾಗೇ ಅಲ್ಲವೇ? 'ಬೇಡರ ಕಣ್ಣಪ್ಪ' (1954) ಚಿತ್ರದಲ್ಲಿ ರಾಜಕುಮಾರರಿಗೆ ನಾಯಕಿಯಾಗಿದ್ದ ಪಂಡರಿಬಾಯಿ ಮುಂದೆ ಅವರ ತಾಯಿಯಾದರು.

ಆದರೆ ದೀನಾ ಉಟ್ಟ ಸೀರೆಯ ನೇಯ್ಗೆ ಬೇರೆಯಾಗಿತ್ತು. ಗುಲ್ಜಾರರ 'ಕೋಶಿಶ್' (1972) ಚಿತ್ರದಲ್ಲಿ ಕಿವುಡ-ಮೂಗ ಹುಡುಗಿಯ ತಾಯಿ. ಅಳಿಯನಾಗಿ ಬರುವವನು ಸಂಜೀವ್ ಕುಮಾರ್. ಮೂರು ವರ್ಷದ ನಂತರ 'ಮೌಸಮ್' (1975) ಚಿತ್ರದಲ್ಲಿ ಅದೇ ಸಂಜೀವ್ ಕುಮಾರರ ಎದುರು ವೇಶ್ಯಾಗೃಹದ ಒಡತಿ ಗಂಗೂರಾಣಿ. ಬಸು ಚಟರ್ಜಿಯವರ 'ಚಿತ್‌ಚೋರ್' (1976) ಚಿತ್ರದಲ್ಲಿ ಮಗಳಿಗೆ ಇಂಜಿನಿಯರ್ ವರ ಬೇಕೆಂದು ಹಟ ಹಿಡಿದ ಸಣ್ಣೂರಿನ ಗೃಹಿಣಿ, ಗಂಡನಾಗಿ ಇಪ್ಟಾದ ಹಳೆಯ ಸಂಗಾತಿ ಹಂಗಲ್. ಮುಜಫ್ಫರ್ ಅಲಿಯವರ 'ಉಮ್ರಾವ್ ಜಾನ್' (1981) ಚಿತ್ರದಲ್ಲಿ ಕೋಠಿಗೆ ಮಾರಾಟವಾದ ಹುಡುಗಿಯನ್ನು ಸಾಕುವ ಹುಸೇನಿ. ಪಟ್ಟಿ ಉದ್ದವಿದೆ. ಗಮನಿಸಬೇಕಾದದ್ದೆಂದರೆ, ಇವರ ನೆನಪುಳಿಯುವ ತಾಯಂದಿರಲ್ಲಿ ಹೆತ್ತವರಿಗಿಂತ ಸಾಕಿದವರು, ನಟಿಸಿದವರು, ವ್ಯಾಪಾರಕ್ಕಾಗಿ ತಾಯ್ತನ ಮಾಡಿದವರು ಹೆಚ್ಚು.

ಈ ಮಾತಿಗೆ ಶುದ್ಧ ಉದಾಹರಣೆ 'ಗೋಲ್‌ಮಾಲ್' (1979). ಒಂದು ಸುಳ್ಳನ್ನು ಮುಚ್ಚಲು ರಾಮ್‌ಪ್ರಸಾದ್ ಎಂಬ ನೌಕರನಿಗೆ (ಅಮೋಲ್ ಪಾಲೇಕರ್) ತುರ್ತಾಗಿ ಒಬ್ಬ ತಾಯಿ ಬೇಕು. ನಟನೆಯ ಹುಚ್ಚಿರುವ ಸಿರಿವಂತ ಮಹಿಳೆ ಶ್ರೀಮತಿ ಶ್ರೀವಾಸ್ತವ ಆ ಪಾತ್ರಕ್ಕೆ ಒಪ್ಪುತ್ತಾರೆ. ತಲೆಯ ಮೇಲೆ ಸೆರಗು, ಬಾಯಲ್ಲಿ ಸಂಸ್ಕಾರದ ಮಾತು, ಮಾಲೀಕ ಭವಾನಿಶಂಕರ್ ಕರಗಿ ನೀರಾಗುತ್ತಾನೆ. ಅವನೇ ಪಾರ್ಟಿಯೊಂದರಲ್ಲಿ ಆಕೆಯನ್ನು ಬೇರೆ ಉಡುಪಿನಲ್ಲಿ ಕಂಡಾಗ ತಾಯಿಗೊಬ್ಬ ಅವಳಿ ಸೋದರಿಯನ್ನು ಹುಟ್ಟಿಸದೆ ವಿಧಿಯಿಲ್ಲ. ಭವಾನಿಶಂಕರ್ ಆಗಿರುವವರು ಉತ್ಪಲ್ ದತ್. ಎಡಪಂಥೀಯ ರಂಗಭೂಮಿಯಲ್ಲಿ ಹಣ್ಣಾದ ಇಬ್ಬರು, ಮೀಸೆ ಮತ್ತು ನೌಕರಿಯ ಕುರಿತ ಮಧ್ಯಮವರ್ಗದ ಪ್ರಹಸನದಲ್ಲಿ ಎದುರಾಗುತ್ತಾರೆ. ಇಬ್ಬರ ಕಣ್ಣಲ್ಲೂ ಆ ಮೋಜು ಕಾಣುತ್ತದೆ. ದೀನಾ ಇಲ್ಲಿ ಮಾಡುವುದು ಹಿಂದಿ ಸಿನಿಮಾದ ತಾಯಿಯ ಪಾತ್ರವನ್ನಲ್ಲ, ಆ ಪಾತ್ರವನ್ನು ಕಟ್ಟುತ್ತಿರುವ ಹೆಂಗಸೊಬ್ಬಳ ಪಾತ್ರವನ್ನು. ರಂಗಲೋ ಮೆಚ್ಚಬಹುದಾದ ಕಸುಬು. 1990ರಲ್ಲಿ ಇದೇ ಕಥೆ ಶಿವರಾಜಕುಮಾರ್, ರಾಘವೇಂದ್ರ ರಾಜಕುಮಾರ್ ಅಭಿನಯದಲ್ಲಿ 'ಆಸೆಗೊಬ್ಬ ಮೀಸೆಗೊಬ್ಬ' ಎಂದು ಕನ್ನಡಕ್ಕೆ ಬಂತು.

ಮರುವರ್ಷ ಹೃಷಿಕೇಶ್ ಮುಖರ್ಜಿಯವರೇ ಅವರನ್ನು ಇನ್ನೊಂದು ತುದಿಗೆ ಒಯ್ದರು. 'ಖೂಬ್‌ಸೂರತ್' (1980) ಚಿತ್ರದ ನಿರ್ಮಲಾ ಗುಪ್ತಾ ಮನೆಯನ್ನು ಗಡಿಯಾರದಂತೆ ನಡೆಸುವ ಯಜಮಾನಿ. ಗಂಡ (ಅಶೋಕ್ ಕುಮಾರ್) ಸೇರಿದಂತೆ ಎಲ್ಲರೂ ಆಕೆಗೆ ಹೆದರುತ್ತಾರೆ. ಮನೆಗೆ ಬಂದ ತುಂಟ ಹುಡುಗಿ (ರೇಖಾ) ಆ ಶಿಸ್ತನ್ನು ಕೆಡಿಸುತ್ತಾಳೆ. ಸುಲಭಕ್ಕೆ ಖಳನಾಯಕಿ ಆಗಬಹುದಾಗಿದ್ದ ಪಾತ್ರ. ದೀನಾ ದನಿ ಏರಿಸದೆ, ಕಣ್ಣು ದೊಡ್ಡದು ಮಾಡದೆ, ಆ ಶಿಸ್ತಿನ ಹಿಂದೆ ಇಡೀ ಸಂಸಾರವನ್ನು ಹೊತ್ತ ದಣಿವು ಇದೆಯೆಂದು ತೋರಿಸುತ್ತಾರೆ. ರೇಖಾಗಾಗಿ ನೋಡಲು ಕೂತವರು ಮುಗಿಯುವ ಹೊತ್ತಿಗೆ ನಿರ್ಮಲಾ ಪರ ವಹಿಸಿಕೊಂಡಿದ್ದರೆ ಅಚ್ಚರಿಯಿಲ್ಲ.

ಅದೇ 1980ರಲ್ಲಿ ಗುಜರಾತ್ ಅವರನ್ನು ಮತ್ತೆ ಕರೆಯಿತು. ಪುಣೆಯ ಫಿಲಂ ಇನ್‌ಸ್ಟಿಟ್ಯೂಟಿನಲ್ಲಿ ಕಲಿತ ಕೇತನ್ ಮೆಹತಾ ತಮ್ಮ ಮೊದಲ ಕಥಾಚಿತ್ರ 'ಭವನಿ ಭವಾಯಿ'ಯನ್ನು ಗುಜರಾತಿಯಲ್ಲಿ ಮಾಡಿದರು. ಅಸಾಯಿತ ಠಾಕರ್, ಬ್ರೆಕ್ಟ್, ಮತ್ತು ಆಸ್ಟೆರಿಕ್ಸ್ ಚಿತ್ರಕಥೆಗಳ ಗೊಸಿನಿ ಈ ಮೂವರಿಗೂ ಅದನ್ನು ಅರ್ಪಿಸಿದರು. ರಾಜ (ನಸೀರುದ್ದೀನ್ ಶಾ) ತೋಡಿಸಿದ ಮೆಟ್ಟಿಲುಬಾವಿಯಲ್ಲಿ ನೀರು ಬರುವುದಿಲ್ಲ. ಬತ್ತೀಸ ಲಕ್ಷಣಗಳ ಪುರುಷನನ್ನು ಬಲಿ ಕೊಡಬೇಕು ಎನ್ನುತ್ತಾನೆ ಜೋಯಿಸ. ಆರಿಸಿ ತಂದವನು ಅಸ್ಪೃಶ್ಯರ ಕೇರಿಯ ಹುಡುಗ. ಅವನು ಹುಟ್ಟಿನಿಂದ ರಾಜನ ಮಗನೇ, ಹಿಂದೆ ಕೊಲ್ಲಿಸಲು ಕಳಿಸಿದ ಕೂಸು. 'ಕೆರೆಗೆ ಹಾರ' ಕೇಳಿ ಬೆಳೆದ ಕನ್ನಡಿಗರಿಗೆ ಈ ಬತ್ತಿದ ಬಾವಿಯ ಅಂಚಿನಲ್ಲಿ ನಿಂತಾಗ ಎದೆ ಒಮ್ಮೆ ಹೊಡೆದುಕೊಳ್ಳುತ್ತದೆ. ನಮ್ಮಲ್ಲಿ ಬಲಿಯಾದವಳು ಮನೆಯ ಸೊಸೆ. ಅಲ್ಲಿ ಬಲಿಗೆ ನಿಂತ ಹುಡುಗ ಸುಮ್ಮನೆ ಸಾಯುವುದಿಲ್ಲ, ಕೊರಳಿಗೆ ಉಗುಳುವ ಕುಡಿಕೆ, ಬೆನ್ನಿಗೆ ಪೊರಕೆ ಕಟ್ಟಿಕೊಂಡು ನಡೆಯಬೇಕಾದ ಕಟ್ಟಳೆಯನ್ನು ತೆಗೆದರೆ ಮಾತ್ರ ಬಲಿಗೆ ಒಪ್ಪುತ್ತೇನೆ ಎನ್ನುತ್ತಾನೆ. ಅವನನ್ನು ಸಾಕಿದ ಮಾಲೋ ಓಂ ಪುರಿ, ಸಾಕುತಾಯಿ ಧೂಳಿ ದೀನಾ. ಮೂವತ್ತಕ್ಕೂ ಹೆಚ್ಚು ವರ್ಷದ ಹಿಂದೆ ಭವಾಯಿಯ ಅಂಗಳಕ್ಕಿಳಿದ ನಟಿ ಈಗ ಅದೇ ಆಟದ ಸಿನಿಮಾ ರೂಪದಲ್ಲಿ. ಚಿತ್ರ ಸುಖಾಂತವೊಂದನ್ನು ತೋರಿಸಿ, ಬೆನ್ನಿಗೇ ಅದನ್ನು ಮುರಿದು ಕಹಿಯಾದ ಇನ್ನೊಂದು ಅಂತ್ಯ ಹೇಳುತ್ತದೆ. ಅಕ್ಕ ಶಾಂತಾ ಗಾಂಧಿ 1968ರಲ್ಲೇ 'ಜಸ್ಮಾ ಓಡಣ' ಆಡಿಸಿ ದೆಹಲಿಯ ರಂಗಭೂಮಿಗೆ ಭವಾಯಿಯ ರುಚಿ ಹತ್ತಿಸಿದ್ದರು. ಅಲ್ಲೂ ಕೆರೆ ತೋಡುವ ಕೂಲಿ ಹೆಣ್ಣಿದ್ದಾಳೆ, ಅವಳ ಮೇಲೆ ಕಣ್ಣು ಹಾಕುವ ರಾಜನಿದ್ದಾನೆ. ಗಿರೀಶ ಕಾರ್ನಾಡರು 'ಹಯವದನ'ದಲ್ಲಿ ಯಕ್ಷಗಾನದ ಕಡೆ ನೋಡಿದ್ದೂ ಇದೇ ಆಸುಪಾಸಿನಲ್ಲಿ.

1980ರಲ್ಲೇ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿಯೂ ಬಂತು. ಒಂದೇ ವರ್ಷದಲ್ಲಿ ಹಿಂದಿ ಸಿನಿಮಾದ ಬಿಗಿ ಯಜಮಾನಿ, ಗುಜರಾತಿನ ಕೇರಿಯ ತಾಯಿ, ದೆಹಲಿಯ ಗೌರವ.

ಕೇತನ್ ಮೆಹತಾ ದೀನಾರನ್ನು 'ಮಿರ್ಚ್ ಮಸಾಲಾ' (1987) ಚಿತ್ರಕ್ಕೂ ಕರೆದರು. ವಸಾಹತು ಕಾಲದ ಗುಜರಾತ್, ಮೆಣಸಿನಕಾಯಿ ಕುಟ್ಟುವ ಕಾರ್ಖಾನೆ, ಬಾಗಿಲ ಹೊರಗೆ ಸುಬೇದಾರ್. ಒಳಗೆ ಅಡಗಿರುವ ಸೋನ್‌ಬಾಯಿ (ಸ್ಮಿತಾ ಪಾಟೀಲ್) ಜೊತೆಗಿನ ಕೂಲಿ ಹೆಂಗಸರಲ್ಲಿ ಮುದುಕಿ ದೀನಾ. ಮಗಳು ಸುಪ್ರಿಯಾ ಕೂಡ ಆ ಗುಂಪಿನಲ್ಲಿ. ಸುಬೇದಾರ್ ನಸೀರುದ್ದೀನ್ ಶಾ, ಮನೆಯ ಹಿರಿಯ ಅಳಿಯ. ಕೊನೆಗೆ ಹೆಂಗಸರೆಲ್ಲ ಸೇರಿ ಅವನ ಮುಖಕ್ಕೆ ಖಾರದಪುಡಿ ಎರಚುತ್ತಾರೆ. ಅತ್ತೆ-ಅಳಿಯಂದಿರ ಜಗಳ ಭಾರತೀಯ ಸಿನಿಮಾದಲ್ಲಿ ಇಷ್ಟು ಕೆಂಪಾಗಿ ಮತ್ತೆಲ್ಲೂ ಮುಗಿದಿಲ್ಲ.

ಭೀಷ್ಮ ಸಾಹನಿ ಅವರೊಂದಿಗಿನ ಜೋಡಿಯನ್ನು ಬೇರೆಯಾಗಿಯೇ ಹೇಳಬೇಕು. ಬಲರಾಜ್ ಅವರ ತಮ್ಮ, ಹಿಂದಿಯ ದೊಡ್ಡ ಕಥೆಗಾರ, ಅವರೂ ಇಪ್ಟಾದವರೇ. ಸಯೀದ್ ಅಖ್ತರ್ ಮಿರ್ಜಾರ 'ಮೋಹನ್ ಜೋಶಿ ಹಾಜಿರ್ ಹೋ!' (1984) ಚಿತ್ರದಲ್ಲಿ ಅವರು ಮುಂಬೈಯ ಕುಸಿಯುತ್ತಿರುವ ಚಾಳಿನ ಬಾಡಿಗೆದಾರ, ದೀನಾ ಹೆಂಡತಿ. ಮುದಿ ದಂಪತಿ ಮಾಲೀಕನ ಮೇಲೆ ದಾವೆ ಹೂಡುತ್ತಾರೆ, ವಕೀಲರು ವರ್ಷಗಟ್ಟಲೆ ಅವರನ್ನು ಹಿಂಡುತ್ತಾರೆ. ನ್ಯಾಯಾಧೀಶರು ಕಟ್ಟಡ ನೋಡಲು ಬರುವ ದಿನ ತಾತ್ಕಾಲಿಕವಾಗಿ ಕೊಟ್ಟ ಆಧಾರದ ಕಂಬಗಳನ್ನು ಜೋಶಿಯೇ ಕಿತ್ತು, ಕಟ್ಟಡವನ್ನು ತನ್ನ ಮೇಲೆ ಕೆಡವಿಕೊಳ್ಳುತ್ತಾನೆ.

ನಾಲ್ಕು ವರ್ಷದ ನಂತರ ಇದೇ ಜೋಡಿ ದೇಶದ ಮನೆಮನೆಗೆ ಬಂತು. ಭೀಷ್ಮ ಸಾಹನಿಯವರ ಕಾದಂಬರಿಯನ್ನು ಆಧರಿಸಿ ಗೋವಿಂದ ನಿಹಲಾನಿ ನಿರ್ದೇಶಿಸಿದ 'ತಮಸ್' 1988ರ ಆರಂಭದಲ್ಲಿ ದೂರದರ್ಶನದಲ್ಲಿ ಪ್ರಸಾರವಾಯಿತು. ಒಂದೇ ಚಾನೆಲ್ಲಿನ ಕಾಲ, ಬೀದಿಗೆ ಒಂದೆರಡು ಟಿವಿ. ವಿಭಜನೆಯ ಗಲಭೆ ತೋರಿಸಿದರೆ ಶಾಂತಿ ಕೆಡುತ್ತದೆಂದು ಕೆಲವರು ನ್ಯಾಯಾಲಯಕ್ಕೆ ಹೋದರು. ಕೊನೆಗೆ ಬಾಂಬೆ ಹೈಕೋರ್ಟಾಗಲಿ ಸುಪ್ರೀಂ ಕೋರ್ಟಾಗಲಿ ಪ್ರಸಾರ ತಡೆಯಲು ಒಪ್ಪಲಿಲ್ಲ. ಹಳ್ಳಿಯಲ್ಲಿ ಚಹಾದಂಗಡಿ ಇಟ್ಟಿದ್ದ ಮುದುಕ ಸಿಖ್ ಹರನಾಮ್ ಸಿಂಗ್ ಮತ್ತು ಹೆಂಡತಿ ಬಂತೋ ರಾತ್ರೋರಾತ್ರಿ ಮನೆ ಬಿಟ್ಟು ಹೊರಡುತ್ತಾರೆ. ಬೆಳಗಾದಾಗ ಗುರುತಿಲ್ಲದ ಮುಸ್ಲಿಂ ಮನೆಯೊಂದರ ಕದ ತಟ್ಟುತ್ತಾರೆ. ಬಾಗಿಲು ತೆರೆಯುವವರು ಸುರೇಖಾ ಸಿಕ್ರಿ, ಈ ಪಾತ್ರಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ದೀನಾರ ಬಂತೋಗೆ ಮಾತು ಕಡಿಮೆ. ಊರು ಬಿಡುವಾಗ ಗಂಡನಿಗಿಂತ ಅರ್ಧ ಹೆಜ್ಜೆ ಹಿಂದೆ ನಡೆಯುವ ಆ ಮುದುಕಿ ದಾರಿಯುದ್ದಕ್ಕೂ ಎದೆಯಲ್ಲಿ ಮಕ್ಕಳ ಚಿಂತೆ ಹೊತ್ತು ಸಾಗುತ್ತಾಳೆ. ದೂರದರ್ಶನದ ಸಣ್ಣ ಪೆಟ್ಟಿಗೆಗೆ ಇಷ್ಟು ಸಣ್ಣ ನಟನೆಯೇ ಬೇಕಿತ್ತು.

'ಸಾತ್ ಹಿಂದುಸ್ತಾನಿ', 'ಭವನಿ ಭವಾಯಿ', 'ತಮಸ್', ಕೊನೆಯ ಚಿತ್ರ 'ಪಿಂಜರ್', ಈ ನಾಲ್ಕೂ ರಾಷ್ಟ್ರೀಯ ಭಾವೈಕ್ಯದ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಪಡೆದವು. ಪ್ರಶಸ್ತಿ ಸಿಕ್ಕಿದ್ದು ಚಿತ್ರಗಳಿಗೆ, ದೀನಾರಿಗಲ್ಲ. ಆದರೂ ಇಪ್ಟಾದಿಂದ ಬಂದ ನಟಿಯೊಬ್ಬಳು ಎಂಥ ಕಥೆಗಳ ಬಳಿ ಸುಳಿದಾಡುತ್ತಿದ್ದಳು ಎಂಬುದಕ್ಕೆ ಇದು ಒಳ್ಳೆಯ ಗುರುತು. ಸಿನಿಮಾದಾಚೆಗೂ ಭಾರತೀಯ ಮಹಿಳಾ ರಾಷ್ಟ್ರೀಯ ಒಕ್ಕೂಟದ ಅಧ್ಯಕ್ಷೆಯಾಗಿ ಅವರು ದುಡಿದರು.

ಹೊರದೇಶದ ಚಿತ್ರಗಳಲ್ಲಿ ಮುಖ್ಯವಾದದ್ದು ಡೇವಿಡ್ ಲೀನ್ ನಿರ್ದೇಶಿಸಿದ 'ಎ ಪ್ಯಾಸೇಜ್ ಟು ಇಂಡಿಯಾ' (1984). ಅದರಲ್ಲಿ ಅವರದು ಬೇಗಂ ಹಮೀದುಲ್ಲಾ ಎಂಬ ಚಿಕ್ಕ ಪಾತ್ರ. ಕಾದಂಬರಿಯ ಚಂದ್ರಪೋರ್ ಪಟ್ಟಣವನ್ನು ಲೀನ್ ಬೆಂಗಳೂರಿನ ಅರಮನೆ ಮೈದಾನದಲ್ಲಿ ಕಟ್ಟಿಸಿದರು, ಮರಬಾರ್ ಗುಹೆಗಳಿಗೆ ಸಾವನದುರ್ಗ, ರಾಮದೇವರ ಬೆಟ್ಟದ ಬಂಡೆಗಳನ್ನು ಆರಿಸಿಕೊಂಡರು. ದೀಪಾ ಮೆಹತಾರ 'ಬಾಲಿವುಡ್/ಹಾಲಿವುಡ್' (2002) ಚಿತ್ರದಲ್ಲಿ ಟೊರಾಂಟೊದ ಭಾರತೀಯ ಮನೆಯ ಅಜ್ಜಿ. ಎಂಬತ್ತರ ಅಂಚಿನ ದೀನಾ ಅಲ್ಲಿ ಮಾತುಮಾತಿಗೆ ಷೇಕ್ಸ್‌ಪಿಯರ್ ಉದುರಿಸುತ್ತಾರೆ.

ಆ ಚಿತ್ರ ಕೆನಡಾದ ಚಿತ್ರಮಂದಿರಗಳಿಗೆ ಬರುವ ಮೊದಲೇ, 2002ರ ಅಕ್ಟೋಬರ್ 11ರಂದು ಮುಂಬೈಯಲ್ಲಿ ಅವರು ತೀರಿಕೊಂಡರು. ಶಾಂತಾ ಗಾಂಧಿ ಅದೇ ವರ್ಷ ಮೇ ತಿಂಗಳಲ್ಲಿ ಹೋಗಿದ್ದರು. 'ಪಿಂಜರ್' ತೆರೆಗೆ ಬಂದದ್ದು 2003ರಲ್ಲಿ.

ಮಕ್ಕಳ ಕಥೆ ಬೇರೆಯೇ ಲೇಖನ ಬೇಡುತ್ತದೆ, ಆದರೂ ಎರಡು ಮಾತು ಇಲ್ಲಿ ಸಲ್ಲಬೇಕು. ಸುಪ್ರಿಯಾ ಮೊದಲು ಬಣ್ಣ ಹಚ್ಚಿದ್ದು ತಾಯಿಯೇ ಮತ್ತೆ ಆಡಿಸಿದ 'ಮೇನಾ ಗುರ್ಜರಿ'ಯಲ್ಲಿ. ಜಯಶಂಕರ 'ಸುಂದರಿ' ಹೇಳಿಕೊಟ್ಟ ನಡಿಗೆ ಹೀಗೆ ಮೂರನೇ ದೇಹಕ್ಕೆ ದಾಟಿತು. ದೀನಾ ತೀರಿಹೋದ ವರ್ಷವೇ ಟಿವಿಯಲ್ಲಿ 'ಖಿಚಡಿ' ಶುರುವಾಗಿ ಸುಪ್ರಿಯಾ ಪೆದ್ದು ಸೊಸೆ ಹಂಸಾ ಆದರು, 2004ರಲ್ಲಿ 'ಸಾರಾಭಾಯ್ ವರ್ಸಸ್ ಸಾರಾಭಾಯ್' ಬಂದಾಗ ರತ್ನಾ ಒಣ ಠೀವಿಯ ಅತ್ತೆ ಮಾಯಾ ಆದರು. ಎರಡೂ ಗುಜರಾತಿ ಮನೆಗಳ ಕಥೆ. 2014ರಲ್ಲಿ 'ಖೂಬ್‌ಸೂರತ್' ಹೊಸ ರೂಪದಲ್ಲಿ ತಯಾರಾದಾಗ ಮಧ್ಯಮವರ್ಗದ ಮನೆ ರಾಜಸ್ಥಾನದ ಅರಮನೆಯಾಗಿ ಬದಲಾಗಿತ್ತು, ರೇಖಾ ಜಾಗದಲ್ಲಿ ಸೋನಂ ಕಪೂರ್ ಇದ್ದರು. ಊಟದ ಮೇಜಿನ ತಲೆಯಲ್ಲಿ ಕೂತು ಎಲ್ಲರನ್ನೂ ಗಡಗಡ ನಡುಗಿಸುವ ನಿರ್ಮಲಾ ಮಾತ್ರ ರತ್ನಾ ಪಾಠಕ್ ಶಾ.